ಏಳರ ಅಲಾರಂ ಹೊಡೆಯುತ್ತದೆ, ಹತ್ತರದ್ದು ಹೊಡೆಯುವುದಿಲ್ಲ

ನಮ್ಮ ದೊಡ್ಡಪ್ಪನಿಗೆ ಪಾರ್ಕಿನ್ಸನ್ಸ್ ಕಾಯಿಲೆ. ಹಾಸನದಲ್ಲಿ ಹೈಸ್ಕೂಲ್ ಮೇಷ್ಟ್ರಾಗಿ ರಿಟೈರ್ ಆದವರು. ಲೆವೊಡೋಪಾ-ಕಾರ್ಬಿಡೋಪಾ ಮಾತ್ರೆಯನ್ನು ದಿನಕ್ಕೆ ಐದು ಸಲ ತೆಗೆದುಕೊಳ್ಳಬೇಕು: ಬೆಳಗ್ಗೆ 7ಕ್ಕೆ, 10ಕ್ಕೆ, ಮಧ್ಯಾಹ್ನ 1ಕ್ಕೆ, ಸಂಜೆ 4ಕ್ಕೆ, ರಾತ್ರಿ 7ಕ್ಕೆ. ಬಿಪಿ ಮಾತ್ರೆ ಒಂದು ದಿನ ಅರ್ಧ ಗಂಟೆ ಹಿಂದೆ ಮುಂದೆ ಆದರೆ ಸಾಮಾನ್ಯವಾಗಿ ಯಾರಿಗೂ ಗೊತ್ತಾಗುವುದಿಲ್ಲ. ಇದು ಹಾಗಲ್ಲ. ಲೆವೊಡೋಪಾ ರಕ್ತದಲ್ಲಿ ಅರ್ಧಕ್ಕೆ ಇಳಿಯಲು ಸುಮಾರು ಒಂದೂವರೆ ಗಂಟೆ ಸಾಕು. ಕಾಯಿಲೆ ಹಳೆಯದಾದ ಮೇಲೆ ಒಂದು ಮಾತ್ರೆ ತಡವಾದರೂ ಮೈಮೇಲೆ ಕಾಣಿಸುತ್ತದೆ. ನಡುಕ ಜಾಸ್ತಿಯಾಗುತ್ತದೆ. ಬಾಗಿಲ ಹತ್ತಿರ ಬಂದಾಗ ಕಾಲು ನೆಲಕ್ಕೆ ಅಂಟಿಕೊಂಡ ಹಾಗೆ ನಿಂತುಬಿಡುತ್ತದೆ. ಕುರ್ಚಿಯಿಂದ ಏಳಬೇಕಾದರೆ ಇನ್ನೊಬ್ಬರ ಕೈ ಬೇಕಾಗುತ್ತದೆ. ಬ್ರಿಟನ್ನಿನ ಪಾರ್ಕಿನ್ಸನ್ಸ್ ಯುಕೆ ಎಂಬ ಸಂಸ್ಥೆ ಇದಕ್ಕಾಗಿಯೇ 'ಗೆಟ್ ಇಟ್ ಆನ್ ಟೈಮ್' ಅಂತ ಅಭಿಯಾನ ನಡೆಸುತ್ತಿದೆ. ಆಸ್ಪತ್ರೆಯಲ್ಲಿ ಮಲಗಿರುವ ರೋಗಿಗೂ ಹೇಳಿದ ಸಮಯದ 30 ನಿಮಿಷದೊಳಗೆ ಮಾತ್ರೆ ಕೈಗೆ ಸಿಗಬೇಕು ಅನ್ನುವುದು ಅವರ ಒತ್ತಾಯ.

ದೊಡ್ಡಪ್ಪನ ಫೋನ್‌ನಲ್ಲಿ ಮಾತ್ರೆ ನೆನಪಿಸುವ ಆ್ಯಪ್ ಹಾಕಿಕೊಟ್ಟಿದ್ದು ಅವರ ಮಗ. ಹಳೇ ಫೋನ್‌ನಲ್ಲಿ ಅದು ತಿಂಗಳುಗಟ್ಟಲೆ ಸರಿಯಾಗಿಯೇ ನಡೆದಿತ್ತು. ದೀಪಾವಳಿಗೆ ಹೊಸ ಫೋನ್ ಬಂತು. ಹಳೇ ಫೋನ್‌ನಿಂದ ಎಲ್ಲವನ್ನೂ ಅದಕ್ಕೆ ವರ್ಗಾಯಿಸಿದರು. ಆ್ಯಪ್ ಬಂತು, ಮಾತ್ರೆಗಳ ಪಟ್ಟಿ ಬಂತು, ಐದು ಸಮಯಗಳೂ ಹಾಗೆಯೇ ಬಂದವು. ನೋಡಿದವರಿಗೆ ಏನೂ ಬದಲಾದಂತೆ ಕಾಣಲಿಲ್ಲ.

ಸ್ವಲ್ಪ ದಿನಕ್ಕೆ ದೊಡ್ಡಮ್ಮನ ಫೋನ್ ಬಂತು. "ನಿಮ್ಮ ದೊಡ್ಡಪ್ಪಂಗೆ ಮರೆವು ಜಾಸ್ತಿ ಆಗ್ತಿದೆ ಕಣಪ್ಪ. ಹತ್ತರ ಮಾತ್ರೆ ಹನ್ನೊಂದಕ್ಕೆ ತಗೋತಾರೆ. ಕೇಳಿದ್ರೆ ಫೋನು ಹೊಡೀಲೇ ಇಲ್ಲ ಅಂತಾರೆ. ನನ್ ಮುಂದೇನೇ ಫೋನ್ ಕೈಗೆ ತಗೊಂಡ್ರು, ತಗೊಂಡ ತಕ್ಷಣ ಹೊಡೀತು. ಇನ್ನೇನ್ ಹೇಳೋದು?"

ಈ ಮಾತಿನ ಕೊನೆಯಲ್ಲೇ ಉತ್ತರ ಇತ್ತು. ಆದರೆ ಮನೆಯಲ್ಲಿ ಎಲ್ಲರೂ ಅದನ್ನು ದೊಡ್ಡಪ್ಪನ ವಿರುದ್ಧದ ಸಾಕ್ಷಿ ಅಂತ ತಿಳಿದುಕೊಂಡಿದ್ದರು. ಫೋನ್ ಹೊಡೆಯುತ್ತದೆ, ಇವರಿಗೇ ಕೇಳಿಸುವುದಿಲ್ಲ, ಅಥವಾ ಕೇಳಿಸಿಕೊಂಡು ಮರೆಯುತ್ತಾರೆ. ಮಗ ಬೆಂಗಳೂರಿನಿಂದ ಬಂದಿದ್ದಾಗ ಪರೀಕ್ಷೆಯನ್ನೂ ಮಾಡಿದ್ದ. ಎರಡು ನಿಮಿಷ ಮುಂದಕ್ಕೆ ಒಂದು ರಿಮೈಂಡರ್ ಇಟ್ಟು, ಫೋನ್ ಹಿಡಿದು ಕಾದಿದ್ದ. ಟಣ್ ಅಂತ ಹೊಡೆದಿತ್ತು. "ಫೋನ್ ಸರಿಯಾಗಿದೆ" ಅಂತ ತೀರ್ಮಾನವಾಗಿತ್ತು. ನರರೋಗ ತಜ್ಞರನ್ನು ನೋಡುವ ದಿನ ಹತ್ತಿರ ಬರುತ್ತಿತ್ತು. ಮಾತ್ರೆ ಈಗ ಅಷ್ಟಾಗಿ ಕೆಲಸ ಮಾಡುತ್ತಿಲ್ಲ, ಜೊತೆಗೆ ಮರೆವೂ ಶುರುವಾಗಿದೆ ಅಂತ ಹೇಳುವುದು ಮನೆಯವರ ಯೋಚನೆ.

ನನಗೆ ಹೆದರಿಕೆಯಾಗಿದ್ದು ಇಲ್ಲೇ. ಮಾತ್ರೆ ತಡವಾಗಿ ಬರುವ ಬಿಗಿತವೂ, ಮಾತ್ರೆಯ ಪ್ರಮಾಣ ಸಾಲದೆ ಬರುವ ಬಿಗಿತವೂ ನೋಡುವವರಿಗೆ ಒಂದೇ ಥರ ಕಾಣುತ್ತವೆ. ತಡವಾಗಿದೆ ಅನ್ನುವ ವಿಷಯವೇ ಡಾಕ್ಟರಿಗೆ ಗೊತ್ತಾಗದಿದ್ದರೆ ಡೋಸ್ ಹೆಚ್ಚಿಸುವ ಯೋಚನೆ ಬರುವುದು ಸಹಜ. ಅದಕ್ಕೇ ಡೋಸಿನ ಮಾತು ಎತ್ತುವ ಮೊದಲು, ಮರೆವಿನ ಮಾತು ಎತ್ತುವ ಮೊದಲು, ಫೋನ್ ನೋಡಬೇಕು ಅಂತ ಹಟ ಹಿಡಿದೆ.

ಮೊದಲು ಮಾಡಿದ ಕೆಲಸ ಫೋನ್‌ಗೆ ಸಂಬಂಧಿಸಿದ್ದಲ್ಲ. ಅಡುಗೆಮನೆ ಗೋಡೆಯ ಕ್ಯಾಲೆಂಡರಿನಲ್ಲಿ ದಿನದ ಚೌಕದೊಳಗೆ ಎರಡು ವಿಷಯ ಬರೆಯಲು ದೊಡ್ಡಮ್ಮನಿಗೆ ಹೇಳಿದೆ. ಅಲಾರಂ ಎಷ್ಟು ಹೊತ್ತಿಗೆ ಹೊಡೆಯಿತು, ಆಗ ಫೋನ್ ಎಲ್ಲಿತ್ತು. ಒಂದು ವಾರ ಕಳೆಯುವಷ್ಟರಲ್ಲಿ ವಿಷಯ ಸ್ಪಷ್ಟವಾಯಿತು. ಬೆಳಗ್ಗೆ 7ರದ್ದು ಒಂದು ದಿನವೂ ತಪ್ಪಿಲ್ಲ. ರಾತ್ರಿ 7ರದ್ದೂ ಹೆಚ್ಚುಕಡಿಮೆ ಸರಿ. 10ರದ್ದು ಮತ್ತು 1ರದ್ದು ಬಹಳ ದಿನ ತಡ. 4ರದ್ದು ಹೇಳುವ ಹಾಗೇ ಇಲ್ಲ. ಮರೆವು ಬೆಳಗ್ಗೆ 10ಕ್ಕೆ ಬಂದು ರಾತ್ರಿ 7ಕ್ಕೆ ವಾಪಸ್ ಹೋಗುವುದಿಲ್ಲ, ಅಲ್ವಾ?

ಫೋನ್ ಎಲ್ಲಿತ್ತು ಅನ್ನುವುದನ್ನು ನೋಡಿದರೆ ಇನ್ನೂ ಚೆನ್ನಾಗಿ ಅರ್ಥವಾಗುತ್ತದೆ. ರಾತ್ರಿಯೆಲ್ಲ ಅದು ಮಂಚದ ಪಕ್ಕ ಚಾರ್ಜಿಗೆ ಹಾಕಿರುತ್ತದೆ. ಬೆಳಗ್ಗೆ 7ಕ್ಕೂ ಚಾರ್ಜಿನಲ್ಲೇ ಇರುತ್ತದೆ. ಆಮೇಲೆ ತೆಗೆದು ಹಾಲ್‌ನ ಶೋಕೇಸ್ ಮೇಲೆ ಇಡುತ್ತಾರೆ. ದೊಡ್ಡಪ್ಪ ಪೇಪರ್ ಓದುತ್ತಾರೆ, ಸ್ನಾನ ಪೂಜೆ ಮುಗಿಸುತ್ತಾರೆ, ಫೋನ್ ಅಲ್ಲೇ ಅಲ್ಲಾಡದೆ ಬಿದ್ದಿರುತ್ತದೆ. ಸಂಜೆ ಆರೂವರೆಯಿಂದ ಅದರಲ್ಲೇ ಹರಿಕಥೆ ಕೇಳುತ್ತಾ ಕೂರುತ್ತಾರೆ. ಅಂದರೆ ರಾತ್ರಿ 7ಕ್ಕೆ ಫೋನ್ ಎಚ್ಚರವಾಗಿರುತ್ತದೆ.

ಇದರ ಹಿಂದಿನ ಕಾರಣ ಹೊಸದೇನಲ್ಲ. 2015ರಲ್ಲಿ ಬಂದ ಆಂಡ್ರಾಯ್ಡ್ 6ರಿಂದ ಫೋನ್‌ಗಳಲ್ಲಿ ಡೋಜ್ ಅನ್ನುವ ವ್ಯವಸ್ಥೆ ಇದೆ. ಚಾರ್ಜರ್ ಹಾಕಿಲ್ಲ, ಸ್ಕ್ರೀನ್ ಆಫ್ ಆಗಿದೆ, ಫೋನ್ ಸ್ವಲ್ಪ ಹೊತ್ತಿನಿಂದ ಅಲ್ಲಾಡಿಲ್ಲ ಅಂದರೆ ಸಿಸ್ಟಮ್ ಅದನ್ನು ನಿದ್ದೆಗೆ ತಳ್ಳುತ್ತದೆ. ಆ್ಯಪ್‌ಗಳು ಕೇಳಿಕೊಂಡ ಸಾಮಾನ್ಯ ಅಲಾರಂಗಳನ್ನು ಆಗ ತಡೆಹಿಡಿಯುತ್ತದೆ. ಮಧ್ಯೆ ಮಧ್ಯೆ ಸ್ವಲ್ಪ ಹೊತ್ತು ಎಚ್ಚರವಾಗಿ ಬಾಕಿ ಕೆಲಸವನ್ನೆಲ್ಲ ಒಟ್ಟಿಗೆ ಮುಗಿಸುತ್ತದೆ. ಫೋನ್ ಮುಟ್ಟದೆ ಹೊತ್ತಾದಷ್ಟೂ ಆ ಎಚ್ಚರಗಳ ನಡುವಿನ ಅಂತರ ದೊಡ್ಡದಾಗುತ್ತಾ ಹೋಗುತ್ತದೆ. ಯಾರಾದರೂ ಕೈಗೆ ತೆಗೆದುಕೊಂಡು ಸ್ಕ್ರೀನ್ ಹೊತ್ತಿಸಿದರೆ ನಿದ್ದೆ ಮುಗಿಯಿತು, ಬಾಕಿ ಇದ್ದ ಅಲಾರಂ ತಕ್ಷಣ ಹೊಡೆಯುತ್ತದೆ. ದೊಡ್ಡಮ್ಮ ಕಂಡಿದ್ದು ಇದನ್ನೇ. ಬ್ಯಾಟರಿ ಉಳಿಸಲು ಇದು ಒಳ್ಳೆಯ ಏರ್ಪಾಡು. ನ್ಯೂಸ್ ಆ್ಯಪ್ ಅರ್ಧ ಗಂಟೆ ತಡವಾಗಿ ಎಚ್ಚರವಾದರೆ ನಷ್ಟವಿಲ್ಲ. ಲೆವೊಡೋಪಾ ತಡವಾದರೆ ನಷ್ಟವಿದೆ.

ಎರಡು ನಿಮಿಷದ ಪರೀಕ್ಷೆ ಏಕೆ ಸುಳ್ಳು ಹೇಳುತ್ತದೆ ಅಂತ ಈಗ ಗೊತ್ತಾಗಿರಬೇಕು. ಫೋನ್ ಕೈಯಲ್ಲಿದೆ, ಸ್ಕ್ರೀನ್ ಹೊತ್ತಿದೆ, ಆ್ಯಪ್ ಈಗಷ್ಟೇ ತೆರೆದಿದೆ. ಅಂಥ ಹೊತ್ತಿನಲ್ಲಿ ಎಷ್ಟೇ ಕೆಟ್ಟ ಸೆಟ್ಟಿಂಗ್ ಇದ್ದರೂ ಅಲಾರಂ ಹೊಡೆಯುತ್ತದೆ. ನಿಜವಾದ ಪರೀಕ್ಷೆಗೆ ಫೋನ್ ದಿನಾ ಹೇಗೆ ಬಿದ್ದಿರುತ್ತದೋ ಹಾಗೇ ಬಿಡಬೇಕು. ಚಾರ್ಜರ್ ತೆಗೆದು, ಸ್ಕ್ರೀನ್ ಆರಿಸಿ, ಗಟ್ಟಿಯಾದ ಜಾಗದಲ್ಲಿಟ್ಟು, ಒಂದು ಗಂಟೆಗಿಂತ ಜಾಸ್ತಿ ಹೊತ್ತು ಯಾರೂ ಮುಟ್ಟಬಾರದು.

ಒಂದು ಭಾನುವಾರ ಹಾಗೇ ಮಾಡಿದೆವು. 'ಟೆಸ್ಟ್' ಅನ್ನುವ ಹೆಸರಿನಲ್ಲಿ 11:45ಕ್ಕೆ ಒಂದು ರಿಮೈಂಡರ್ ಇಟ್ಟು, 10:15ಕ್ಕೆ ಫೋನನ್ನು ಶೋಕೇಸ್ ಮೇಲೆ ಮಗುಚಿ ಹಾಕಿದೆ. ದೊಡ್ಡಪ್ಪ, ದೊಡ್ಡಮ್ಮ, ನಾನು ಮೂವರೂ ಹಾಲ್‌ನಲ್ಲೇ ಕೂತೆವು. ಗೋಡೆ ಗಡಿಯಾರ 11:45 ದಾಟಿತು. ಸದ್ದಿಲ್ಲ. 11:50. ಸದ್ದಿಲ್ಲ. ದೊಡ್ಡಮ್ಮ ಎರಡು ಸಲ ಏಳಲು ಹೋದರು, ಬೇಡ ಅಂತ ಕೂರಿಸಿದೆ. 12 ಗಂಟೆಗೆ ನಾನು ಎದ್ದು ಹೋಗಿ ಫೋನ್ ಎತ್ತಿ ಬಟನ್ ಒತ್ತಿದೆ. ಸ್ಕ್ರೀನ್ ಹೊತ್ತಿಕೊಂಡಿತು, ಹಿಂದೆಯೇ ಅಲಾರಂ ಹೊಡೆಯಿತು. ದೊಡ್ಡಪ್ಪ ಜೋರಾಗಿ ಏನೂ ಹೇಳಲಿಲ್ಲ. "ನಾನೂ ಇಷ್ಟು ದಿನದಿಂದ ಇದನ್ನೇ ಹೇಳ್ತಿರೋದು ಕಣೋ" ಅಂದರು. ದೊಡ್ಡಮ್ಮ ಅವರ ಮುಖ ನೋಡಿ, "ಹೌದ್ರೀ, ನೀವು ಹೇಳ್ತಾನೇ ಇದ್ರಿ" ಅಂದರು. ನಡುಗುವ ಕೈಯಿರುವವರ ಮಾತನ್ನು ಮನೆಯವರು ಎಷ್ಟು ಬೇಗ ನಂಬುವುದು ಬಿಡುತ್ತಾರೆ ಅನ್ನುವುದು ನನ್ನನ್ನು ಇವತ್ತಿಗೂ ಕಾಡುತ್ತದೆ.

ಈಗ ಕಾರಣಗಳಿಗೆ ಬರೋಣ. ಒಂದೇ ಕಾರಣ ಅಂದುಕೊಂಡಿದ್ದೆವು. ಒಂದರ ಕೆಳಗೆ ಇನ್ನೊಂದು ಸಿಗುತ್ತಾ ಹೋಯಿತು.

ಮೊದಲನೆಯದು ಅನುಮತಿಯದ್ದು. ಹೇಳಿದ ನಿಮಿಷಕ್ಕೇ ಅಲಾರಂ ಹೊಡೆಯಬೇಕಾದರೆ ಆ್ಯಪ್‌ಗೆ ಬೇರೆಯೇ ಒಂದು ಅನುಮತಿ ಬೇಕು ಅನ್ನುವ ನಿಯಮ 2021ರ ಆಂಡ್ರಾಯ್ಡ್ 12ರಲ್ಲಿ ಬಂತು. ಸೆಟ್ಟಿಂಗ್ಸ್‌ನಲ್ಲಿ ಅದರ ಹೆಸರು 'ಅಲಾರ್ಮ್ಸ್ ಅಂಡ್ ರಿಮೈಂಡರ್ಸ್'. 2023ರ ಆಂಡ್ರಾಯ್ಡ್ 14ರಲ್ಲಿ ಇದು ಇನ್ನೂ ಬಿಗಿಯಾಯಿತು. ಹೊಸದಾಗಿ ಹಾಕಿಕೊಂಡ ಹೆಚ್ಚಿನ ಆ್ಯಪ್‌ಗಳಿಗೆ ಈ ಅನುಮತಿ ತಾನಾಗಿ ಸಿಗುವುದಿಲ್ಲ, ನಾವೇ ಹೋಗಿ ಕೊಡಬೇಕು. ಹಳೇ ಫೋನ್‌ನಿಂದ ಡೇಟಾ ವರ್ಗಾಯಿಸಿದರೂ ಅನುಮತಿ ಜೊತೆಗೆ ಬರುವುದಿಲ್ಲ. ಹೊಸ ಫೋನ್ ಬಂದ ಮೇಲೆಯೇ ತೊಂದರೆ ಶುರುವಾಗಿದ್ದು ಇದಕ್ಕೇ. ಪಟ್ಟಿ ಬಂತು, ಸಮಯ ಬಂತು, ಸಮಯಕ್ಕೆ ಸರಿಯಾಗಿ ಹೊಡೆಯುವ ಹಕ್ಕು ಮಾತ್ರ ಹಳೇ ಫೋನ್‌ನಲ್ಲೇ ಉಳಿಯಿತು. ಫೋನಿನದೇ ಗಡಿಯಾರದ ಆ್ಯಪ್‌ಗೆ ಈ ಕಟ್ಟುಪಾಡು ಇಲ್ಲ.

ಸೆಟ್ಟಿಂಗ್ಸ್, ಆ್ಯಪ್ಸ್, ಸ್ಪೆಷಲ್ ಆ್ಯಪ್ ಆಕ್ಸೆಸ್, ಅದರೊಳಗೆ ಅಲಾರ್ಮ್ಸ್ ಅಂಡ್ ರಿಮೈಂಡರ್ಸ್. ಕಂಪನಿಗೊಂದು ಥರ ದಾರಿ ಇರುವುದರಿಂದ ಸೆಟ್ಟಿಂಗ್ಸ್‌ನ ಮೇಲಿರುವ ಹುಡುಕುವ ಜಾಗದಲ್ಲಿ 'ಅಲಾರ್ಮ್' ಅಂತ ಹಾಕಿದರೆ ಬೇಗ ಸಿಗುತ್ತದೆ. ದೊಡ್ಡಪ್ಪನ ಫೋನ್‌ನಲ್ಲಿ ಮಾತ್ರೆ ಆ್ಯಪ್‌ನ ಮುಂದಿನ ಗುಂಡಿ ಆಫ್ ಆಗಿತ್ತು. ಆ್ಯಪ್ ಇದನ್ನು ಎಲ್ಲೂ ದೊಡ್ಡದಾಗಿ ಹೇಳಿರಲಿಲ್ಲ. ಹತ್ತು ಮೆಟ್ಟಿಲು ಕೆಳಗೆ ಸಹಾಯದ ಪುಟದಲ್ಲಿ ಸಣ್ಣ ಅಕ್ಷರದಲ್ಲಿ ಬರೆದಿತ್ತು. ಮಾತ್ರೆಯಂಥ ವಿಷಯದಲ್ಲಿ ಇದು ಸರಿಯಲ್ಲ. ಅನುಮತಿ ಇಲ್ಲ ಅಂದರೆ ಮೊದಲ ಪರದೆಯಲ್ಲೇ ಕೆಂಪು ಅಕ್ಷರದಲ್ಲಿ, ಕನ್ನಡದಲ್ಲೂ, ಹೇಳಬೇಕು.

ಎರಡನೆಯದು ಬ್ಯಾಟರಿ. ಆ್ಯಪ್‌ನ ಬ್ಯಾಟರಿ ಪುಟದಲ್ಲಿ ಸಾಮಾನ್ಯವಾಗಿ ಮೂರು ಆಯ್ಕೆ ಇರುತ್ತವೆ: ಅನ್‌ರಿಸ್ಟ್ರಿಕ್ಟೆಡ್, ಆಪ್ಟಿಮೈಸ್ಡ್, ರಿಸ್ಟ್ರಿಕ್ಟೆಡ್. ಮಾತ್ರೆ ಆ್ಯಪ್ ಮೊದಲನೆಯದರಲ್ಲಿ ಇರಬೇಕು. ಇವರ ಫೋನ್‌ನಲ್ಲಿ ಕೊನೆಯದರಲ್ಲಿತ್ತು. ನಮ್ಮಲ್ಲಿ ಮಾರಾಟವಾಗುವ ಬಹಳಷ್ಟು ಫೋನ್‌ಗಳಲ್ಲಿ ಕಂಪನಿಯವರು ಆಂಡ್ರಾಯ್ಡ್‌ನ ಮೇಲೆ ತಮ್ಮದೇ ಬ್ಯಾಟರಿ ಕಾವಲು ಕೂರಿಸಿರುತ್ತಾರೆ. ಅದು ಆಗಾಗ "ಈ ಆ್ಯಪ್‌ಗಳು ಚಾರ್ಜ್ ತಿನ್ನುತ್ತಿವೆ, ನಿಲ್ಲಿಸಲೇ?" ಅಂತ ಕೇಳುತ್ತದೆ. ಯಾರೋ ಒಪ್ಪಿಗೆ ಒತ್ತಿದ್ದಾರೆ, ಅಷ್ಟೇ.

ದೊಡ್ಡಮ್ಮನಿಗೆ ಇನ್ನೊಂದು ಅಭ್ಯಾಸ ಇತ್ತು. ಫೋನ್ ಕೈಗೆ ಸಿಕ್ಕಾಗಲೆಲ್ಲ ಇತ್ತೀಚೆಗೆ ತೆರೆದ ಆ್ಯಪ್‌ಗಳನ್ನೆಲ್ಲ 'ಕ್ಲಿಯರ್ ಆಲ್' ಒತ್ತಿ ತೆಗೆಯುವುದು. ಚಾರ್ಜ್ ಉಳಿಯುತ್ತದೆ ಅಂತ ಮೊಬೈಲ್ ಅಂಗಡಿಯವರು ಹೇಳಿಕೊಟ್ಟಿದ್ದಂತೆ. ಮೂಲ ಆಂಡ್ರಾಯ್ಡ್‌ನಲ್ಲಿ ಇದರಿಂದ ಅಲಾರಂ ಅಳಿಸಿಹೋಗುವುದಿಲ್ಲ. ಆದರೆ ಕೆಲವು ಕಂಪನಿಗಳ ಫೋನ್‌ಗಳಲ್ಲಿ ಇದು 'ಫೋರ್ಸ್ ಸ್ಟಾಪ್' ಮಾಡಿದ್ದಕ್ಕೆ ಸಮ. ಫೋರ್ಸ್ ಸ್ಟಾಪ್ ಆದ ಆ್ಯಪ್‌ನ ಅಲಾರಂಗಳೆಲ್ಲ ರದ್ದಾಗುತ್ತವೆ. ನಾವೇ ಮತ್ತೆ ಆ್ಯಪ್ ತೆರೆಯುವವರೆಗೆ ಅದು ಏಳುವುದಿಲ್ಲ. ಅಂಥ ಫೋನ್‌ಗಳಲ್ಲಿ ಇತ್ತೀಚಿನ ಆ್ಯಪ್‌ಗಳ ಪರದೆಯಲ್ಲಿ ಬೀಗದ ಚಿತ್ರ ಇರುತ್ತದೆ. ಮಾತ್ರೆ ಆ್ಯಪ್‌ಗೆ ಅದನ್ನು ಹಾಕಿದರೆ ಕ್ಲಿಯರ್ ಆಲ್ ಒತ್ತಿದರೂ ಅದು ಉಳಿಯುತ್ತದೆ. ಹಾಕಿದೆವು.

ಮುಂದಿನ ದಿನಗಳಲ್ಲಿ 10ರ ಅಲಾರಂ 10ಕ್ಕೇ ಹೊಡೆಯಿತು, 1ರದ್ದು 1ಕ್ಕೇ. ಎಲ್ಲರಿಗೂ ನೆಮ್ಮದಿ. ಅಷ್ಟರಲ್ಲಿ ಒಂದು ಬೆಳಗ್ಗೆ, ಎಂದೂ ತಪ್ಪದ 7ರ ಅಲಾರಮ್ಮೇ ತಪ್ಪಿತು. 10ರದ್ದೂ ಇಲ್ಲ.

ಹಿಂದಿನ ರಾತ್ರಿ ಮಳೆಗೆ ಕರೆಂಟ್ ಹೋಗಿತ್ತು. ಚಾರ್ಜ್ ಆಗದೆ ಫೋನ್ ಆಫ್ ಆಗಿತ್ತು. ಬೆಳಗ್ಗೆ ಕರೆಂಟ್ ಬಂದ ಮೇಲೆ ದೊಡ್ಡಮ್ಮ ಆನ್ ಮಾಡಿ ಶೋಕೇಸ್ ಮೇಲಿಟ್ಟಿದ್ದರು. ಫೋನ್ ಆಫ್ ಆದರೆ ಆ್ಯಪ್‌ಗಳು ಇಟ್ಟಿದ್ದ ಅಲಾರಂಗಳೆಲ್ಲ ಆಂಡ್ರಾಯ್ಡ್‌ನಲ್ಲಿ ಅಳಿಸಿಹೋಗುತ್ತವೆ. ಆನ್ ಆದಾಗ ಆ್ಯಪ್ ತಾನೇ ಎದ್ದು ಅವನ್ನು ಮತ್ತೆ ಇಡಬೇಕು. ಅದಕ್ಕೆ ಎರಡು ಅಡ್ಡಿಗಳಿದ್ದವು. ಈ ಕಂಪನಿಯ ಫೋನ್‌ನಲ್ಲಿ 'ಆಟೋಸ್ಟಾರ್ಟ್' ಅನ್ನುವ ಬೇರೆ ಗುಂಡಿ ಇದೆ, ಅದು ಆಫ್ ಆಗಿತ್ತು. ಇನ್ನೊಂದು, ಆನ್ ಆದ ಮೇಲೆ ಒಂದು ಸಲ ಪಿನ್ ಹಾಕಿ ಲಾಕ್ ತೆಗೆಯುವವರೆಗೆ ಹೆಚ್ಚಿನ ಆ್ಯಪ್‌ಗಳು ಶುರುವಾಗುವುದೇ ಇಲ್ಲ. ಬಂದ ಕಾಲ್ ಎತ್ತಲು ಲಾಕ್ ತೆಗೆಯಬೇಕಾಗಿಲ್ಲವಲ್ಲ, ಹಾಗಾಗಿ ಫೋನ್ ಸರಿಯಾಗಿಯೇ ಇದೆ ಅಂತ ಅನ್ನಿಸುತ್ತದೆ. ಕರೆಂಟ್ ಹೋಗದ ಊರಲ್ಲೂ ಈ ತೊಂದರೆ ಬರಬಹುದು. ರಾತ್ರಿ ತಾನಾಗಿ ಅಪ್‌ಡೇಟ್ ಆಗಿ ರೀಸ್ಟಾರ್ಟ್ ಆಗುವ ಫೋನ್‌ಗಳಿವೆ. ಈಗ ಅವರ ಮನೆಯ ಕ್ರಮ ಹೀಗೆ: ಫೋನ್ ಆಫ್ ಆಗಿ ಆನ್ ಆದರೆ ಲಾಕ್ ತೆಗೆದು, ಮಾತ್ರೆ ಆ್ಯಪ್ ಒಂದು ಸಲ ತೆರೆದು ಮುಚ್ಚುವುದು.

ಮೂರನೆಯದು ಸದ್ದಿನದು, ಇದು ನೇರವಾಗಿ ಕಾಯಿಲೆಗೇ ಸೇರಿದ್ದು. ಒಂದು ದಿನ ಅಲಾರಂ ಸಮಯಕ್ಕೆ ಬಂದಿದೆ, ಆದರೆ ಸದ್ದಿಲ್ಲದೆ ಬಂದಿದೆ. ಪರದೆಯ ಮೇಲೆ ಸುಮ್ನೆ ಒಂದು ಸಾಲು. ಬೇರೆ ನೋಟಿಫಿಕೇಶನ್‌ಗಳಿಗೆ ಸದ್ದಿದೆ, ಇದಕ್ಕಿಲ್ಲ. 2017ರ ಆಂಡ್ರಾಯ್ಡ್ 8ರಿಂದ ಒಂದೊಂದು ಬಗೆಯ ನೋಟಿಫಿಕೇಶನ್‌ಗೂ ಬೇರೆ ಬೇರೆ ಸದ್ದು ಇಡಬಹುದು, ಬೇಡ ಅಂದರೆ ಅದೊಂದನ್ನೇ ಮೌನ ಮಾಡಬಹುದು. ನೋಟಿಫಿಕೇಶನ್ ಮೇಲೆ ಬೆರಳು ಒತ್ತಿ ಹಿಡಿದರೆ 'ಸೈಲೆಂಟ್' ಅನ್ನುವ ಆಯ್ಕೆ ತೆರೆದುಕೊಳ್ಳುತ್ತದೆ. ದೊಡ್ಡಪ್ಪ 'ತೆಗೆದುಕೊಂಡೆ' ಒತ್ತುವುದನ್ನು ಹತ್ತಿರ ಕೂತು ನೋಡಿದೆ. ಹೆಬ್ಬೆರಳು ಪರದೆಯ ಮೇಲೆ ಬಂದು, ನಡುಗುತ್ತಾ, ಅಲ್ಲೇ ನಿಲ್ಲುತ್ತದೆ. ಎತ್ತಲು ಒಂದು ಕ್ಷಣ ತಡವಾಗುತ್ತದೆ. ಫೋನ್ ಅದನ್ನು ಒತ್ತಿ ಹಿಡಿದದ್ದು ಅಂತ ತಿಳಿಯುತ್ತದೆ. ಮುಂದಿನ ಸ್ಪರ್ಶ ಸೈಲೆಂಟ್ ಮೇಲೆ ಬೀಳುತ್ತದೆ. ಅವರಿಗೆ ಗೊತ್ತೇ ಆಗುವುದಿಲ್ಲ. ಆ್ಯಕ್ಸೆಸಿಬಿಲಿಟಿ ಸೆಟ್ಟಿಂಗ್ಸ್‌ನಲ್ಲಿ 'ಟಚ್ ಅಂಡ್ ಹೋಲ್ಡ್ ಡಿಲೇ' ಅಂತ ಇದೆ, ಅದನ್ನು 'ಲಾಂಗ್' ಮಾಡಿದೆವು. ಕೈ ನಡುಗುವವರು ಬಳಸುವ ಪ್ರತಿ ಫೋನ್‌ನಲ್ಲೂ ಮೊದಲು ಮಾಡಬೇಕಾದ ಕೆಲಸ ಇದು ಅಂತ ನನ್ನ ಅಭಿಪ್ರಾಯ. ಜೊತೆಗೆ 'ಡು ನಾಟ್ ಡಿಸ್ಟರ್ಬ್' ಪಟ್ಟಿಯಲ್ಲಿ ಈ ಆ್ಯಪ್‌ಗೆ ವಿನಾಯಿತಿ ಕೊಟ್ಟೆವು. ಆ ಮೋಡ್‌ನಲ್ಲಿ ಗಡಿಯಾರದ ಅಲಾರಂಗೆ ಸಾಮಾನ್ಯವಾಗಿ ತಡೆ ಇರುವುದಿಲ್ಲ, ಆ್ಯಪ್‌ನ ನೋಟಿಫಿಕೇಶನ್‌ಗೆ ಇರುತ್ತದೆ.

ಐಫೋನ್ ಇರುವವರಿಗೆ ಒಂದು ಮಾತು. ಅಲ್ಲಿ ಈ ಬ್ಯಾಟರಿ ಕಾಟ ಇಲ್ಲ. ಆದರೆ ಒಂದು ಆ್ಯಪ್ ಮುಂದಕ್ಕೆ ಇಟ್ಟುಕೊಳ್ಳಬಹುದಾದ ನೋಟಿಫಿಕೇಶನ್‌ಗಳ ಮಿತಿ 64. ದಿನಕ್ಕೆ ಐದು ಮಾತ್ರೆ, ಒಂದೊಂದನ್ನೂ ಬೇರೆಯಾಗಿ ಇಡುವ ಆ್ಯಪ್ ಆದರೆ 12 ದಿನಕ್ಕೆ ಅದು ಮುಗಿಯುತ್ತದೆ. ಅಷ್ಟರೊಳಗೆ ಆ್ಯಪ್ ತೆರೆಯದಿದ್ದರೆ ಸದ್ದು ನಿಂತುಹೋಗಬಹುದು. 2022ರ ಐಒಎಸ್ 16ರಿಂದ ಹೆಲ್ತ್ ಆ್ಯಪ್‌ನಲ್ಲೇ ಮಾತ್ರೆ ನೆನಪಿಸುವ ವ್ಯವಸ್ಥೆ ಇದೆ, ಮೊದಲು ಅದನ್ನೇ ನೋಡುವುದು ಒಳ್ಳೆಯದು.

ಇಷ್ಟೆಲ್ಲ ತಪ್ಪುತ್ತಿದ್ದರೂ ಆ್ಯಪ್‌ನ ವಾರದ ವರದಿ ಮಾತ್ರ ಪೂರ್ತಿ ಹಸಿರು. ಮಗ ಬೆಂಗಳೂರಿನಲ್ಲಿ ಕೂತು ನೋಡುತ್ತಿದ್ದದ್ದು ಇದನ್ನೇ. ಏಕೆ ಅಂತ ಹುಡುಕಿದೆ. ತಡವಾಗಿ ನೆನಪಿಸಿದಾಗ ಆ್ಯಪ್ ಎರಡು ಆಯ್ಕೆ ಕೊಡುತ್ತದೆ: 'ಸಮಯಕ್ಕೆ ತೆಗೆದುಕೊಂಡೆ', 'ಈಗ ತೆಗೆದುಕೊಂಡೆ'. ಮೇಲಿರುವುದು ಮೊದಲನೆಯದು. ನಡುಗುವ ಬೆರಳಿಗೆ ಸಿಗುವುದೂ ಅದೇ. ಹನ್ನೊಂದಕ್ಕೆ ನುಂಗಿದ ಮಾತ್ರೆ ವರದಿಯಲ್ಲಿ ಹತ್ತಕ್ಕೆ ನುಂಗಿದ್ದಾಗಿ ಕೂತಿದೆ. ಒಂದೆರಡು ಸಲ ಮೊಮ್ಮಗಳು ಆಟ ಆಡುವಾಗ ಅಡ್ಡ ಬಂದದ್ದನ್ನು ಒತ್ತಿ ತೆಗೆದಿದ್ದೂ ಹಸಿರಾಗಿಯೇ ಇದೆ. ಆ ವರದಿಯಿಂದ ಬೆರಳು ಏನು ಒತ್ತಿತು ಅಂತ ಗೊತ್ತಾಗುತ್ತದೆ, ಹೊಟ್ಟೆಗೆ ಮಾತ್ರೆ ಯಾವಾಗ ಹೋಯಿತು ಅಂತ ಗೊತ್ತಾಗುವುದಿಲ್ಲ. ಅದಕ್ಕೇ ಐದು ಮನೆಯ ಮಾತ್ರೆ ಡಬ್ಬಿ ತಂದೆವು. ಬೆಳಗ್ಗೆ ದೊಡ್ಡಮ್ಮ ತುಂಬಿಸುತ್ತಾರೆ. ಯಾವ ಮನೆ ಖಾಲಿ ಅಂತ ನೋಡಿದರೆ ಸಾಕು.

ಮಧ್ಯಾಹ್ನ 1ರ ಮಾತ್ರೆಯ ಬಗ್ಗೆ ಬೇರೆಯಾಗಿ ಹೇಳಬೇಕು. ಅವರ ಮನೆಯಲ್ಲಿ ಊಟ ಒಂದೂವರೆಗೆ. 1ಕ್ಕೆ ನುಂಗಿದರೆ ಅರ್ಧ ಗಂಟೆ ಸಿಗುತ್ತದೆ. ಅಲಾರಂ ತಡವಾದ ದಿನಗಳಲ್ಲಿ ಅದು ಊಟದ ಮಧ್ಯೆಯೋ ಊಟ ಆದ ಮೇಲೋ ಹೋಗುತ್ತಿತ್ತು. ಬೇಳೆ ಸಾರು, ಮೊಸರು, ಕಾಳಿನ ಪಲ್ಯ, ಎಲ್ಲದರಲ್ಲೂ ಪ್ರೋಟೀನ್ ಇದೆ. ಪ್ರೋಟೀನಿನಿಂದ ಬರುವ ಅಮೈನೋ ಆಮ್ಲಗಳು ಕರುಳಿನಲ್ಲೂ ಮೆದುಳಿನ ಬಾಗಿಲಲ್ಲೂ ಲೆವೊಡೋಪಾಗೆ ಪೈಪೋಟಿ ಕೊಡುತ್ತವೆ. ಹಾಗಾಗಿ ತಡವಾಗಿ ನುಂಗಿದ ಮಾತ್ರೆ ಇನ್ನೂ ತಡವಾಗಿ ಕೆಲಸ ಶುರುಮಾಡುತ್ತಿತ್ತು. ಮಧ್ಯಾಹ್ನದ ಬಿಗಿತವೇ ಎಲ್ಲಕ್ಕಿಂತ ಜಾಸ್ತಿ ಅಂತ ದೊಡ್ಡಪ್ಪ ಹೇಳುತ್ತಿದ್ದದ್ದಕ್ಕೂ ಕ್ಯಾಲೆಂಡರಿಗೂ ತಾಳೆಯಾಯಿತು.

ಡಾಕ್ಟರ ಹತ್ತಿರ ಹೋಗುವಾಗ ಆ್ಯಪ್‌ನ ವರದಿ ತೋರಿಸಲಿಲ್ಲ. ಕ್ಯಾಲೆಂಡರಿನ ಹಾಳೆಯನ್ನೇ ಹರಿದುಕೊಂಡು ಹೋದೆವು. ಅವರು ತಡವಾದ ದಿನಗಳನ್ನು ಪೆನ್ನಿನಲ್ಲಿ ಗುರುತು ಹಾಕಿಕೊಂಡು, ಆ ದಿನಗಳಲ್ಲಿ ಬಿಗಿತ ಯಾವ ಹೊತ್ತಿಗೆ ಬಂತು ಅಂತ ಒಂದೊಂದಾಗಿ ಕೇಳಿದರು. ಡೋಸ್ ಬದಲಾಯಿಸಲಿಲ್ಲ. ಸಮಯಕ್ಕೆ ಸರಿಯಾಗಿ ನುಂಗಿ, ಒಂದು ತಿಂಗಳು ಹೀಗೇ ಬರೆದುಕೊಂಡು ಬನ್ನಿ ಅಂದರು. ಒಂದು ಮಾತ್ರೆ ತಪ್ಪಿದರೆ ಏನು ಮಾಡಬೇಕು ಅಂತ ಕೇಳಿ ಬರೆಸಿಕೊಂಡೆವು. ಎರಡು ಒಟ್ಟಿಗೆ ನುಂಗಬಾರದು, ತಾವಾಗಿ ದಿಢೀರ್ ಅಂತ ನಿಲ್ಲಿಸಲೂ ಬಾರದು. ಈ ನಿಯಮ ಮಾತ್ರೆಯಿಂದ ಮಾತ್ರೆಗೆ ಬೇರೆ, ಹಾಗಾಗಿ ನಿಮ್ಮ ಮಾತ್ರೆಗೆ ನಿಮ್ಮ ಡಾಕ್ಟರನ್ನೇ ಕೇಳಿ.

ಈಗ ಐದು ಸಮಯಕ್ಕೂ ಫೋನಿನ ಗಡಿಯಾರದಲ್ಲೇ ಅಲಾರಂ ಇಟ್ಟಿದ್ದೇವೆ. ಅದು ಡೋಜ್‌ಗೆ ಬಗ್ಗುವುದಿಲ್ಲ, ಒಂದೇ ಸಲ ಟಣ್ ಅಂದು ಸುಮ್ಮನಾಗದೆ ನಿಲ್ಲಿಸುವವರೆಗೂ ಹೊಡೆಯುತ್ತದೆ. ಮಾತ್ರೆ ಆ್ಯಪ್ ಇನ್ನೂ ಇದೆ, ಯಾವ ಮಾತ್ರೆ ಎಷ್ಟು ಉಳಿದಿದೆ ಅಂತ ಹೇಳಲು ಅದು ಬೇಕು. ಸಿಸ್ಟಮ್ ಅಪ್‌ಡೇಟ್ ಬಂದಾಗಲೆಲ್ಲ ಅನುಮತಿ, ಬ್ಯಾಟರಿ, ಆಟೋಸ್ಟಾರ್ಟ್ ಮೂರನ್ನೂ ಮಗ ಮತ್ತೆ ನೋಡುತ್ತಾನೆ.

ಬಗೆಹರಿಯದೆ ಉಳಿದಿದ್ದು ಸಂಜೆ 4ರದ್ದು. ಆ ಹೊತ್ತಿಗೆ ದೊಡ್ಡಪ್ಪ ವಾಕಿಂಗ್ ಹೋಗಿರುತ್ತಾರೆ, ಫೋನ್ ಮನೆಯಲ್ಲೇ ಬಿಟ್ಟಿರುತ್ತಾರೆ. ಕೈಗೆ ಕಟ್ಟುವ ಬ್ಯಾಂಡ್ ಕೊಡಿಸಿ ನೋಡಿದೆವು. ಅದರ ಪಟ್ಟಿಯ ತೂತಿಗೆ ಕೊಂಡಿ ಸಿಕ್ಕಿಸುವುದು ಅವರಿಂದಾಗಲಿಲ್ಲ. ಈಗ ಒಂದು ಮಾತ್ರೆಯನ್ನು ಶರ್ಟಿನ ಜೇಬಿನ ಪುಟ್ಟ ಡಬ್ಬಿಯಲ್ಲಿ ಇಟ್ಟುಕೊಂಡು ಹೋಗುತ್ತಾರೆ. ಜೊತೆಗೆ ನಡೆಯುವ ಇನ್ನೊಬ್ಬ ಮೇಷ್ಟ್ರು ತಮ್ಮ ಫೋನ್‌ನಲ್ಲೂ 4ಕ್ಕೆ ಅಲಾರಂ ಇಟ್ಟುಕೊಂಡಿದ್ದಾರೆ, ಕೈಯಲ್ಲಿ ಒಂದು ನೀರಿನ ಬಾಟಲಿಯನ್ನೂ ಹಿಡಿದಿರುತ್ತಾರೆ. ಅವರು ಊರಿಗೆ ಹೋದ ದಿನಗಳಲ್ಲಿ ದೊಡ್ಡಮ್ಮ ಹೋಗುತ್ತಾರೆ.